ಜರ್ಮನಿ ಅಮೆರಿಕದಿಂದ ಬೇರೆ ಒಲೆ ಹೂಡುತ್ತಿದೆಯಾ?

ಓದುಗರ ಪ್ರಶ್ನೆ: ನಾನು ಹಾಸನದವನು, ಬ್ಯಾಂಕಿನಿಂದ ನಿವೃತ್ತನಾಗಿ ಆರು ವರ್ಷವಾಯಿತು. ಮಗಳು, ಅಳಿಯ ಇಬ್ಬರೂ ಜರ್ಮನಿಯ ಸ್ಟುಟ್‌ಗಾರ್ಟ್‌ನಲ್ಲಿದ್ದಾರೆ. ಮಗಳಿಗೆ ಕಾರಿನ ಬಿಡಿಭಾಗ ಮಾಡುವ ಕಂಪನಿಯಲ್ಲಿ ಸಾಫ್ಟ್‌ವೇರ್ ಕೆಲಸ, ಬ್ಲೂ ಕಾರ್ಡ್ (ಪರಿಣತ ಕೆಲಸಗಾರರಿಗೆ ಕೊಡುವ ವಾಸದ ಪರವಾನಗಿ) ಮೇಲೆ ಮೂರು ವರ್ಷದಿಂದ ಇದ್ದಾಳೆ. ಅವರ ಮನೆಗೆ ಹತ್ತಿರದಲ್ಲೇ ಅಮೆರಿಕದ ಮಿಲಿಟರಿ ಕ್ಯಾಂಪ್ ಇದೆಯಂತೆ. 2025ರ ಫೆಬ್ರವರಿಯಲ್ಲಿ ಅಲ್ಲಿ ಚುನಾವಣೆ ಮುಗಿದ ರಾತ್ರಿಯೇ ಗೆದ್ದ ನಾಯಕರು ಅಮೆರಿಕದಿಂದ ಸ್ವತಂತ್ರರಾಗಬೇಕು ಅಂದರು ಎಂದು ಓದಿದೆ. ಅವತ್ತಿನಿಂದ ನೆಮ್ಮದಿಯಿಲ್ಲ. ಯೂಟ್ಯೂಬ್‌ನಲ್ಲಿ ಒಬ್ಬರು ‘ನ್ಯಾಟೋ (ಅಮೆರಿಕ, ಯುರೋಪ್ ದೇಶಗಳ ಸೇನಾ ಕೂಟ) ಕತೆ ಮುಗೀತು, ಇನ್ನು ರಷ್ಯಾ ಬರೋದೇ’ ಅನ್ನುತ್ತಾರೆ. ನನ್ನ ವಾಕಿಂಗ್ ಗೆಳೆಯರು ‘ಅಮೆರಿಕದಲ್ಲಿ ಇನ್ನೊಂದು ಚುನಾವಣೆ ಆಗಲಿ, ಎಲ್ಲ ಸರಿಹೋಗುತ್ತೆ ಬಿಡಿ’ ಅನ್ನುತ್ತಾರೆ. ಯಾರನ್ನು ನಂಬಲಿ? ಮಗಳು ಅಮೆರಿಕಕ್ಕೆ ಹೋಗುವುದು ವಾಸಿಯಾ? ಮುಂದಿನ ಮೇ ತಿಂಗಳಲ್ಲಿ ಮೊಮ್ಮಗನ ಮೊದಲ ಹುಟ್ಟುಹಬ್ಬಕ್ಕೆ ಹೋಗಬೇಕೆಂದಿದ್ದೇವೆ. ಟಿಕೆಟ್ ಮಾಡಬಹುದಾ?

ಉತ್ತರ: ನಿಮ್ಮ ಪತ್ರದಲ್ಲಿ ಎರಡು ಭಯ ಒಂದಕ್ಕೊಂದು ಸುತ್ತಿಕೊಂಡಿವೆ. ಚುನಾವಣೆಯ ಮಾತಿನಿಂದ ಸ್ನೇಹ ಮುರಿದು ಯುದ್ಧ ಬಂದರೆ ಅನ್ನುವುದು ಒಂದು. ಮಗಳ ಕೆಲಸ ಏನಾಗುತ್ತೋ ಅನ್ನುವುದು ಇನ್ನೊಂದು. ಬಿಡಿಸಿ ನೋಡಿದರೆ ಎರಡರ ಬೇರೂ ಬೇರೆ ಬೇರೆ ಕಡೆ ಇದೆ. ಯೂಟ್ಯೂಬಿನವರು ಹೇಳಿದ್ದೂ ಸರಿಯಿಲ್ಲ, ನಿಮ್ಮ ವಾಕಿಂಗ್ ಗೆಳೆಯರು ಹೇಳಿದ್ದೂ ಸರಿಯಿಲ್ಲ. ಇದು ಯಾಕೆಂದು ಹೇಳಲು ಒಂದು ಹಳೆ ಕತೆ ಬೇಕು.

ನಾನು ಮೂವತ್ತು ವರ್ಷ ಅಂತರರಾಷ್ಟ್ರೀಯ ಸಂಬಂಧಗಳ ಪಾಠ ಮಾಡಿದವನು. 2002ರ ಸೆಪ್ಟೆಂಬರ್‌ನಲ್ಲಿ ಓದಿನ ಕೆಲಸದ ಮೇಲೆ ಟ್ಯೂಬಿಂಗನ್‌ನಲ್ಲಿದ್ದೆ. ನಿಮ್ಮ ಮಗಳ ಊರಿನಿಂದ ರೈಲಿನಲ್ಲಿ ಸುಮಾರು ಒಂದು ಗಂಟೆ ದಾರಿ. ಆಗ ಚಾನ್ಸಲರ್, ಅಂದರೆ ಸರ್ಕಾರದ ಮುಖ್ಯಸ್ಥ, ಆಗಿದ್ದ ಗೆರ್ಹಾರ್ಡ್ ಶ್ರೋಡರ್ ಆ ತಿಂಗಳ ಚುನಾವಣೆಯಲ್ಲಿ ಸೋಲುತ್ತಾರೆ ಅಂತಲೇ ಎಲ್ಲರ ಲೆಕ್ಕ. ಕೆಲಸವಿಲ್ಲದವರ ಸಂಖ್ಯೆ 40 ಲಕ್ಷದ ಆಸುಪಾಸಿನಲ್ಲಿತ್ತು. ಅದನ್ನು 35 ಲಕ್ಷಕ್ಕೆ ಇಳಿಸುತ್ತೇನೆ ಎಂದು ಅವರೇ ಮಾತು ಕೊಟ್ಟಿದ್ದರು, ಆಗಲಿಲ್ಲ. ಆಗಸ್ಟ್‌ನಲ್ಲಿ ಎಲ್ಬೆ ನದಿ ಉಕ್ಕಿತು. ಶ್ರೋಡರ್ ಬೂಟು ಹಾಕಿಕೊಂಡು ಪ್ರವಾಹದ ಊರುಗಳಿಗೆ ಹೋದರು. ಜೊತೆಗೆ, ಇರಾಕ್ ಮೇಲೆ ಅಮೆರಿಕ ಹೂಡಲು ಹೊರಟಿದ್ದ ಯುದ್ಧಕ್ಕೆ ಜರ್ಮನಿ ಬರುವುದಿಲ್ಲ ಎಂದು ಸಭೆ ಸಭೆಯಲ್ಲೂ ಸಾರಿದರು. ಗಾಳಿ ತಿರುಗಿತು.

ನನಗೆ ಕೋಣೆ ಬಾಡಿಗೆಗೆ ಕೊಟ್ಟಿದ್ದ ಅಜ್ಜಿ ಸ್ಟುಟ್‌ಗಾರ್ಟ್‌ನಲ್ಲಿ ಬೆಳೆದವರು. ಎರಡನೇ ಮಹಾಯುದ್ಧ ಮುಗಿದ ಹೊಸದರಲ್ಲಿ ಅಮೆರಿಕನ್ ಸೈನಿಕರು ಕೊಟ್ಟ ಚಾಕೊಲೇಟಿನ ರುಚಿಯನ್ನು ಅವರು ಆಗಲೂ ನೆನೆಯುತ್ತಿದ್ದರು. ಅದೇ ಅಜ್ಜಿ ಕಾಫಿ ಬಗ್ಗಿಸುತ್ತಾ ಕೇಳಿದ್ದರು: ‘ಉಪಕಾರ ಮಾಡಿದ್ದಾರೆ, ನಿಜ. ಹಾಗಂತ ಅವರ ಎಲ್ಲ ಜಗಳಕ್ಕೂ ನಮ್ಮ ಹುಡುಗರನ್ನು ಕಳಿಸಬೇಕಾ?’ ಆ ಚುನಾವಣೆಯ ಬಗ್ಗೆ ಆಮೇಲೆ ನಾನು ಓದಿದ ದಪ್ಪ ದಪ್ಪ ಪ್ರಬಂಧಗಳಲ್ಲಿ ಇದಕ್ಕಿಂತ ಜಾಸ್ತಿ ಏನೂ ಇರಲಿಲ್ಲ.

ಮತದಾನಕ್ಕೆ ಕೆಲವೇ ದಿನ ಇದ್ದಾಗ ದೊಡ್ಡ ಎಡವಟ್ಟು ಆಯಿತು. ನ್ಯಾಯ ಸಚಿವೆ ಹೆರ್ಟಾ ಡಾಯ್ಬ್ಲರ್‌-ಗ್ಮೆಲಿನ್ ಅವರ ಕ್ಷೇತ್ರ ಟ್ಯೂಬಿಂಗನ್ನೇ. ಕಾರ್ಮಿಕರ ಸಣ್ಣ ಸಭೆಯೊಂದರಲ್ಲಿ ಅವರು ಅಮೆರಿಕದ ಅಧ್ಯಕ್ಷ ಬುಷ್ ಅವರ ತಂತ್ರವನ್ನು ಹಿಟ್ಲರ್ ಕಾಲಕ್ಕೆ ಹೋಲಿಸಿದರು ಎಂದು ಅಲ್ಲಿನ ಸ್ಥಳೀಯ ಪತ್ರಿಕೆ ಬರೆಯಿತು. ನಾನು ಹೇಳಿದ್ದು ಹಾಗಲ್ಲ ಅಂತ ಅವರು ಅಂದರು. ಆದರೆ ಊರ ಪತ್ರಿಕೆಯ ಸುದ್ದಿ ಆಗಲೇ ವಾಷಿಂಗ್ಟನ್ ಮುಟ್ಟಿತ್ತು. ಸಂಬಂಧ ವಿಷವಾಗಿದೆ ಅನ್ನುವ ಅರ್ಥದ ಮಾತು ಬುಷ್ ಅವರ ಭದ್ರತಾ ಸಲಹೆಗಾರ್ತಿ ಕಾಂಡೊಲೀಜಾ ರೈಸ್ ಬಾಯಿಂದ ಬಂತು.

ಸೆಪ್ಟೆಂಬರ್ 22ರ ರಾತ್ರಿ ಎದುರಾಳಿ ಎಡ್ಮಂಡ್ ಸ್ಟೋಯ್ಬರ್ ಟಿವಿ ಮುಂದೆ ಗೆದ್ದೆವು ಎಂದೂ ಹೇಳಿಬಿಟ್ಟರು. ಬೆಳಗಾಗುವಷ್ಟರಲ್ಲಿ ಲೆಕ್ಕ ಬೇರೆ. ಎರಡೂ ಕಡೆಗೆ 38.5 ಶೇಕಡಾ, ಶ್ರೋಡರ್ ಪಕ್ಷಕ್ಕೆ ಇಡೀ ದೇಶದಲ್ಲಿ 6,027 ಮತ ಜಾಸ್ತಿ. ಬುಷ್ ಅಭಿನಂದನೆಯ ಫೋನ್ ಮಾಡಲಿಲ್ಲ. ವಾರ್ಸಾದ ನ್ಯಾಟೋ ಸಭೆಯಲ್ಲಿ ಅಮೆರಿಕದ ರಕ್ಷಣಾ ಸಚಿವ ರಮ್ಸ್‌ಫೆಲ್ಡ್ ಜರ್ಮನಿಯ ರಕ್ಷಣಾ ಸಚಿವರನ್ನು ಪ್ರತ್ಯೇಕವಾಗಿ ಕಾಣಲು ಒಪ್ಪಲಿಲ್ಲ. ಆಗ ಯೂಟ್ಯೂಬ್ ಇದ್ದಿದ್ದರೆ ನ್ಯಾಟೋ ತಿಥಿ ಅವತ್ತೇ ಮಾಡುತ್ತಿದ್ದರು.

ಈಗ ಅದೇ ತಿಂಗಳುಗಳಲ್ಲಿ ಕೆಳಗಡೆ ಏನು ನಡೆಯುತ್ತಿತ್ತು ನೋಡಿ. ಇರಾಕ್ ಯುದ್ಧ ಬಂದಾಗ ಜರ್ಮನಿ ತನ್ನ ಆಕಾಶವನ್ನು ಅಮೆರಿಕದ ವಿಮಾನಗಳಿಗೆ ಮುಚ್ಚಲಿಲ್ಲ. ಅಲ್ಲಿನ ನೆಲೆಗಳನ್ನು ಬಳಸಬೇಡಿ ಅನ್ನಲಿಲ್ಲ. ಅಷ್ಟೇ ಅಲ್ಲ, ಅಮೆರಿಕದವರು ಇರಾಕಿಗೆ ಹೋದಾಗ ಅವರ ಕ್ಯಾಂಪುಗಳ ಗೇಟು ಕಾಯಲು ಜರ್ಮನಿ ತನ್ನದೇ ಸಾವಿರಾರು ಸೈನಿಕರನ್ನು ನಿಲ್ಲಿಸಿತು! ಯುದ್ಧ ಬೇಡ ಅಂದವರೇ ಯುದ್ಧಕ್ಕೆ ಹೋದವರ ಮನೆ ಕಾದರು. 2003ರ ಫೆಬ್ರವರಿಯಲ್ಲಿ ಕಾಬೂಲಿನ ಅಂತರರಾಷ್ಟ್ರೀಯ ಪಡೆಯ ಹೊಣೆಯನ್ನೂ ಜರ್ಮನಿ, ನೆದರ್‌ಲ್ಯಾಂಡ್ಸ್ ಸೇರಿ ಹೊತ್ತವು. ಒಂದು ವರ್ಷ ಬಿಟ್ಟು ಶ್ರೋಡರ್ ಶ್ವೇತಭವನದಲ್ಲಿ ಕೂತು ಮಾತಾಡಿದರು. ಗಂಡ ಹೆಂಡಿರ ಜಗಳ ಉಂಡು ಮಲಗುವ ತನಕ ಅಂತಾರಲ್ಲ, ಹಾಗೆ.

2005ರಲ್ಲಿ ಆಂಗೆಲಾ ಮೆರ್ಕೆಲ್ ಬಂದರು. ಅವರು ವಿರೋಧ ಪಕ್ಷದಲ್ಲಿದ್ದಾಗಲೇ, ಶ್ರೋಡರ್ ಎಲ್ಲ ಜರ್ಮನ್ನರ ಪರವಾಗಿ ಮಾತಾಡುತ್ತಿಲ್ಲ ಎಂದು ಅಮೆರಿಕದ ಪತ್ರಿಕೆಯಲ್ಲಿ ಬರೆದಿದ್ದವರು. ಮುಂದಿನ ವರ್ಷ ಬುಷ್ ಅವರನ್ನು ತಮ್ಮ ಕ್ಷೇತ್ರದ ಹಳ್ಳಿಗೆ ಕರೆದು ಕಾಡುಹಂದಿ ಸುಟ್ಟು ಬಡಿಸಿದರು. ನಗು, ಫೋಟೋ, ಎಲ್ಲ ಆಯಿತು. ಆದರೆ ಇರಾಕಿಗೆ ಒಬ್ಬ ಸೈನಿಕನನ್ನಾದರೂ ಯುದ್ಧಕ್ಕೆ ಕಳಿಸಿದರಾ? ಇಲ್ಲ. ಚುನಾವಣೆ ದನಿಯನ್ನು ಬದಲಿಸಿತು, ತೀರ್ಮಾನವನ್ನಲ್ಲ.

ಸ್ಪೇನಿನದೂ ಇದೇ ಪಾಡು. 2003ರ ರಾಷ್ಟ್ರೀಯ ದಿನದ ಪಥಸಂಚಲನದಲ್ಲಿ ಅಮೆರಿಕದ ಧ್ವಜ ಹಾದುಹೋದಾಗ ವಿರೋಧ ಪಕ್ಷದ ನಾಯಕ ಸಪಟೆರೊ ಎದ್ದು ನಿಲ್ಲಲಿಲ್ಲ. 2004ರ ಮಾರ್ಚ್‌ನಲ್ಲಿ, ಮ್ಯಾಡ್ರಿಡ್ ರೈಲು ಬಾಂಬ್ ಸ್ಫೋಟವಾಗಿ ಮೂರು ದಿನಕ್ಕೆ, ಅವರು ಚುನಾವಣೆ ಗೆದ್ದರು. ಗೆದ್ದವರೇ ಇರಾಕಿನಿಂದ ಸುಮಾರು 1,300 ಸೈನಿಕರನ್ನು ವಾಪಸ್ ಕರೆಸಿದರು. ಸಂಬಂಧ ವರ್ಷಗಟ್ಟಲೆ ತಣ್ಣಗಿತ್ತು. ಕೊನೆಗೆ 2011ರಲ್ಲಿ ಅಮೆರಿಕದ ನಾಲ್ಕು ಕ್ಷಿಪಣಿ ತಡೆ ಹಡಗುಗಳಿಗೆ ರೋಟಾ ಬಂದರಿನಲ್ಲಿ ಜಾಗ ಕೊಡಲು ಒಪ್ಪಿದವರು ಯಾರು? ಅದೇ ಸಪಟೆರೊ.

ಹಾಗಾದರೆ ಪ್ರತಿ ಸಲ ಇಷ್ಟು ಗದ್ದಲ ಯಾಕೆ? ಚುನಾವಣೆಯಲ್ಲಿ ನಾಯಕರು ಮಾತಾಡುವುದು ತಮ್ಮ ಮನೆಯವರ ಜೊತೆ. ಆದರೆ ಕಿಟಕಿ ತೆರೆದಿರುತ್ತದೆ, ಪಕ್ಕದ ಮನೆಗೆ ಎಲ್ಲ ಕೇಳುತ್ತದೆ. ಓಟಿಗಾಗಿ ಆಡಿದ ಮಾತು ಅಂತ ಪಕ್ಕದ ಮನೆಯವರಿಗೂ ಗೊತ್ತು, ಅವರೂ ಓಟು ಕೇಳುವವರೇ. ಆದರೂ ಚುಚ್ಚುತ್ತದೆ. ಇನ್ನೊಂದು ಕಡೆ ಸೈನ್ಯದ ನೆಲೆ, ಶಸ್ತ್ರ ಖರೀದಿ, ಗುಪ್ತಚರ ಮಾಹಿತಿ ಹಂಚಿಕೆ, ಇವೆಲ್ಲ ಇಪ್ಪತ್ತು ಮೂವತ್ತು ವರ್ಷದ ಲೆಕ್ಕದಲ್ಲಿ ಓಡುತ್ತವೆ. ಅದಕ್ಕೇ ನಾನು ಪಾಠದಲ್ಲಿ ಹೇಳುತ್ತಿದ್ದೆ, ಯಾರು ಯಾರಿಗೆ ಫೋನ್ ಮಾಡಲಿಲ್ಲ ಅಂತ ನೋಡಬೇಡಿ, ಬಜೆಟ್ಟಿನಲ್ಲಿ ಏನಾಯಿತು ಅಂತ ನೋಡಿ.

ನಿಮ್ಮ ಮಗಳ ಮನೆ ಹತ್ತಿರದ ಕ್ಯಾಂಪನ್ನೇ ತೆಗೆದುಕೊಳ್ಳಿ. ಸ್ಟುಟ್‌ಗಾರ್ಟ್‌ನ ವೈಹಿಂಗನ್‌ನಲ್ಲಿರುವ ಪ್ಯಾಚ್ ಬ್ಯಾರಕ್ಸ್ ಅಮೆರಿಕದ ಇಡೀ ಯುರೋಪ್ ಸೇನೆಯ ಮುಖ್ಯ ಕಚೇರಿ. ಅದೇ ಊರಿನ ಮ್ಯೋರಿಂಗನ್‌ನಲ್ಲಿ ಅಮೆರಿಕದ ಆಫ್ರಿಕಾ ಸೇನೆಯ ಮುಖ್ಯ ಕಚೇರಿಯೂ ಇದೆ. 2020ರ ಜುಲೈನಲ್ಲಿ ಟ್ರಂಪ್ ಸರ್ಕಾರ ಜರ್ಮನಿಯಿಂದ ಸುಮಾರು 12,000 ಸೈನಿಕರನ್ನು ಹೊರಡಿಸುತ್ತೇವೆ, ಯುರೋಪ್ ಮುಖ್ಯ ಕಚೇರಿಯನ್ನು ಬೆಲ್ಜಿಯಂನ ಮಾನ್ಸ್‌ಗೆ ಸಾಗಿಸುತ್ತೇವೆ ಎಂದು ಪ್ರಕಟಿಸಿತು. ನವೆಂಬರ್‌ನಲ್ಲಿ ಅಮೆರಿಕದಲ್ಲಿ ಚುನಾವಣೆಯಾಯಿತು. ಫೆಬ್ರವರಿಯಲ್ಲಿ ಬೈಡನ್ ಅದನ್ನು ತಡೆಹಿಡಿದರು. ಒಂದು ದೇಶದ ಮತ ಇನ್ನೊಂದು ದೇಶದ ಊರಿನ ಬಾಡಿಗೆ, ಬೇಕರಿ, ಶಾಲೆ ಬಸ್ಸುಗಳವರೆಗೆ ಮುಟ್ಟುವುದು ಹೀಗೆ. ಆದರೆ ಗಮನಿಸಿ, ಆದೇಶಕ್ಕೂ ಲಾರಿಗೆ ಸಾಮಾನು ಏರಿಸುವುದಕ್ಕೂ ನಡುವೆ ಅಷ್ಟು ಸಮಯವಿತ್ತು. ನಿಮ್ಮ ಗೆಳೆಯರು ‘ಇನ್ನೊಂದು ಚುನಾವಣೆ ಆಗಲಿ’ ಅನ್ನುವುದು ಇಂಥದ್ದನ್ನು ನೋಡಿಯೇ ಇರಬೇಕು.

ಆದರೆ ಇಲ್ಲಿಗೇ ನಿಲ್ಲಿಸಿದರೆ ನಾನು ನಿಮಗೆ ಸುಮ್ನೆ ಸಮಾಧಾನ ಹೇಳಿದಂತಾಗುತ್ತದೆ. 2025 ಹಳೆಯ ಹಾಗಲ್ಲ.

2024ರ ನವೆಂಬರ್ 6ರಂದು ಟ್ರಂಪ್ ಗೆದ್ದದ್ದು ಖಚಿತವಾಯಿತು. ಅದೇ ದಿನ ಸಂಜೆ ಬರ್ಲಿನ್ನಿನಲ್ಲಿ ಚಾನ್ಸಲರ್ ಷೋಲ್ಜ್ ತಮ್ಮ ಹಣಕಾಸು ಸಚಿವರನ್ನು ತೆಗೆದುಹಾಕಿದರು, ಮೂರು ಪಕ್ಷದ ಸರ್ಕಾರ ಕುಸಿಯಿತು. ಜಗಳ ದುಡ್ಡಿನದು, ಸರ್ಕಾರದ ಸಾಲಕ್ಕೆ ಸಂವಿಧಾನ ಹಾಕಿದ ಮಿತಿಯದು. ಚುನಾವಣೆ ಫೆಬ್ರವರಿ 23ಕ್ಕೆ ಬಂತು. ಮಧ್ಯೆ ಇಲಾನ್ ಮಸ್ಕ್ ಬಲಪಂಥೀಯ ಎಎಫ್‌ಡಿ ಪಕ್ಷದ ರ‍್ಯಾಲಿಗೆ ವಿಡಿಯೊದಲ್ಲಿ ಬಂದು ಹುರಿದುಂಬಿಸಿದರು. ಫೆಬ್ರವರಿ 14ರಂದು ಮ್ಯೂನಿಕ್‌ನಲ್ಲಿ ಅಮೆರಿಕದ ಉಪಾಧ್ಯಕ್ಷ ವ್ಯಾನ್ಸ್, ಇಂಥ ಪಕ್ಷಗಳನ್ನು ದೂರ ಇಡುವ ಗೋಡೆಗಳಿಗೆ ಜಾಗವಿಲ್ಲ ಎಂದು ಭಾಷಣ ಮಾಡಿದರು. ಆ ಪಕ್ಷದ ನಾಯಕಿ ಆಲಿಸ್ ವೈಡೆಲ್ ಅವರನ್ನೂ ಭೇಟಿಯಾದರು. 2002ರಲ್ಲಿ ಪಕ್ಕದ ಮನೆಯವರು ಕಿಟಕಿಯಿಂದ ಕೇಳಿಸಿಕೊಂಡಿದ್ದರು. ಈ ಸಲ ಒಳಗೇ ಬಂದು ಯಾರಿಗೆ ಓಟು ಹಾಕಬೇಕು ಅಂತ ಹೇಳಿದರು. ಎಎಫ್‌ಡಿ 20.8 ಶೇಕಡಾ ಪಡೆದು ಎರಡನೇ ಸ್ಥಾನಕ್ಕೆ ಬಂತು.

ಇನ್ನು ಅವತ್ತು ರಾತ್ರಿ ಅಮೆರಿಕದಿಂದ ಹಂತ ಹಂತವಾಗಿ ಸ್ವತಂತ್ರರಾಗಬೇಕು ಅಂದವರು ಯಾರು? ಚುನಾವಣೆ ಗೆದ್ದು ಆಮೇಲೆ ಚಾನ್ಸಲರ್ ಆದ ಫ್ರೆಡ್ರಿಕ್ ಮೆರ್ಜ್. ಎರಡೂ ದೇಶದ ಸ್ನೇಹಕ್ಕೆಂದೇ ಇರುವ ‘ಅಟ್ಲಾಂಟಿಕ್ ಸೇತುವೆ’ ಅನ್ನುವ ಸಂಘಕ್ಕೆ ಹತ್ತು ವರ್ಷ ಅಧ್ಯಕ್ಷರಾಗಿದ್ದವರು, ಅಮೆರಿಕದ ಹೂಡಿಕೆ ಕಂಪನಿಯ ಜರ್ಮನ್ ಶಾಖೆಯ ಮೇಲ್ವಿಚಾರಣಾ ಮಂಡಳಿಯನ್ನು ನಡೆಸಿದವರು. ಶ್ರೋಡರ್ ಬಾಯಲ್ಲಿ ಈ ಮಾತು ಬಂದಿದ್ದರೆ ನಾನು ಚಾನೆಲ್ ಬದಲಾಯಿಸುತ್ತಿದ್ದೆ. ಇವರ ಬಾಯಲ್ಲಿ ಬಂದದ್ದಕ್ಕೆ ಎದ್ದು ಕೂತೆ.

ಬಜೆಟ್ಟೂ ಕದಲಿತು. ಮಾರ್ಚ್ 18ರಂದು ಜರ್ಮನಿಯ ಸಂಸತ್ತು ಸಂವಿಧಾನದ ತಿದ್ದುಪಡಿಯನ್ನೇ ಪಾಸ್ ಮಾಡಿತು. ರಕ್ಷಣೆಗೆ ದೇಶದ ವರಮಾನದ 1 ಶೇಕಡಾಕ್ಕಿಂತ ಮೇಲೆ ಮಾಡುವ ಖರ್ಚಿಗೆ ಇನ್ನು ಸಾಲದ ಮಿತಿ ಇಲ್ಲ. ಜೊತೆಗೆ ರಸ್ತೆ, ರೈಲು, ಸೇತುವೆ ಮುಂತಾದವಕ್ಕೆ 500 ಬಿಲಿಯನ್ ಯೂರೊ. ಇದರಲ್ಲೊಂದು ಚಾಣಾಕ್ಷತನವಿತ್ತು. ಹೊಸ ಸಂಸತ್ತಿನ 630 ಸ್ಥಾನದಲ್ಲಿ ಎಎಫ್‌ಡಿ ಮತ್ತು ಎಡಪಕ್ಷ ಸೇರಿದರೆ 216. ಮೂರನೇ ಎರಡರ ಬಹುಮತ ಅಲ್ಲಿ ಸಿಗುವ ಭರವಸೆ ಇರಲಿಲ್ಲ. ಹಾಗಾಗಿ ಸೋತವರೂ ಕೂತಿದ್ದ ಹಳೇ ಸಂಸತ್ತನ್ನೇ ಕರೆದು 500ಕ್ಕೂ ಹೆಚ್ಚು ಮತದಿಂದ ಪಾಸ್ ಮಾಡಿಸಿದರು. ಚುನಾವಣೆಗೆ ಮುಂಚೆ ಸಾಲ ಬೇಡ ಅಂತ ಭಾಷಣ ಮಾಡಿದ್ದವರೂ ಮೆರ್ಜ್ ಅವರೇ. ಜನ ರೇಗಿದ್ದರಲ್ಲಿ ತಪ್ಪಿಲ್ಲ.

ಹಾಗಂತ ಮೆರ್ಜ್ ಅಮೆರಿಕದಿಂದ ಮುಖ ತಿರುಗಿಸಿಕೊಂಡರಾ? ಇಲ್ಲ. ಜೂನ್‌ನಲ್ಲಿ ಶ್ವೇತಭವನಕ್ಕೆ ಹೋದರು. ಟ್ರಂಪ್ ಅವರ ಅಜ್ಜ ಫ್ರೆಡ್ರಿಕ್ 1869ರಲ್ಲಿ ಜರ್ಮನಿಯ ಕಾಲ್‌ಸ್ಟಾಟ್ ಹಳ್ಳಿಯಲ್ಲಿ ಹುಟ್ಟಿದವರು. ಅವರ ಜನನ ಪತ್ರದ ಪ್ರತಿಯನ್ನು ಚಿನ್ನದ ಬಣ್ಣದ ಫ್ರೇಮ್ ಹಾಕಿಸಿ ಕೈಗೆ ಕೊಟ್ಟರು. ಅದೇ ತಿಂಗಳು ಹೇಗ್‌ನಲ್ಲಿ ನ್ಯಾಟೋ ದೇಶಗಳು 2035ರ ಹೊತ್ತಿಗೆ ವರಮಾನದ 5 ಶೇಕಡಾ ರಕ್ಷಣೆಗೆ, ಅದಕ್ಕೆ ಸಂಬಂಧಿಸಿದ ಖರ್ಚಿಗೆ ಇಡುವುದಾಗಿ ಒಪ್ಪಿದವು. ಒಂದು ಕೈಯಲ್ಲಿ ಉಡುಗೊರೆ, ಇನ್ನೊಂದು ಕೈಯಲ್ಲಿ ಸ್ವಂತ ಒಲೆಗೆ ಇಟ್ಟಿಗೆ. ಮನೆ ಬಿಟ್ಟು ಹೋಗುತ್ತಿಲ್ಲ. ಅಡುಗೆ ಮಾತ್ರ ಬೇರೆ ಮಾಡಿಕೊಳ್ಳುವ ತಯಾರಿ.

ಚುನಾವಣೆಯ ಗಾಳಿ ಉಲ್ಟಾ ಬೀಸುವುದೂ ಉಂಟು. ಕೆನಡಾದಲ್ಲಿ 2025ರ ಜನವರಿಯಲ್ಲಿ ಲಿಬರಲ್ ಪಕ್ಷ ಸಮೀಕ್ಷೆಗಳಲ್ಲಿ 20 ಅಂಶಕ್ಕೂ ಹಿಂದಿತ್ತು. ನೀವು ನಮ್ಮ 51ನೇ ರಾಜ್ಯವಾಗಿ ಅಂತ ಟ್ರಂಪ್ ಚುಚ್ಚುತ್ತಾ ಹೋದರು, ಸುಂಕ ಹಾಕಿದರು. ಏಪ್ರಿಲ್ ಕೊನೆಗೆ ಅದೇ ಲಿಬರಲ್ ಪಕ್ಷದ ಮಾರ್ಕ್ ಕಾರ್ನಿ ಗೆದ್ದರು, ಎದುರಾಳಿ ನಾಯಕ ತಮ್ಮ ಸ್ವಂತ ಕ್ಷೇತ್ರವನ್ನೇ ಕಳೆದುಕೊಂಡರು. ಕಾರ್ನಿ ನಿಂತ ನೇಪಿಯನ್ ಕ್ಷೇತ್ರ ಯಾರದಾಗಿತ್ತು ಗೊತ್ತಾ? 2022ರಲ್ಲಿ ಕೆನಡಾ ಸಂಸತ್ತಿನಲ್ಲಿ ಕನ್ನಡದಲ್ಲಿ ಮಾತಾಡಿದ ನಮ್ಮ ಸಿರಾ ತಾಲ್ಲೂಕಿನ ಚಂದ್ರ ಆರ್ಯ ಅವರದು. ಪಕ್ಷ ಅವರ ಟಿಕೆಟ್ ವಾಪಸ್ ತೆಗೆದುಕೊಂಡ ಮೇಲೆ ಕಾರ್ನಿ ಅಲ್ಲಿ ಬಂದರು. ಇದು ನಿಮ್ಮ ಪ್ರಶ್ನೆಗೆ ಸಂಬಂಧವಿಲ್ಲ, ವಾಕಿಂಗ್ ಗೆಳೆಯರಿಗೆ ಹೇಳಲು ಇರಲಿ ಅಂತ ಬರೆದೆ.

‘ನ್ಯಾಟೋ ಕತೆ ಮುಗೀತು’ ಅನ್ನುವ ಮಾತಿಗೆ ಬರುತ್ತೇನೆ. ಕಾಗದದ ಮೇಲೆ ಅದು ಅಷ್ಟು ಸುಲಭವಲ್ಲ. 1949ರ ಒಪ್ಪಂದದ ಪ್ರಕಾರ ಹೊರಹೋಗುವ ದೇಶ ಒಂದು ವರ್ಷ ಮುಂಚೆ ನೋಟಿಸ್ ಕೊಡಬೇಕು. ಅಮೆರಿಕದ ಸಂಸತ್ತು 2023ರ ಡಿಸೆಂಬರ್‌ನಲ್ಲಿ ಒಂದು ಕಾನೂನನ್ನೂ ಮಾಡಿದೆ. ಸೆನೆಟ್‌ನ ಮೂರನೇ ಎರಡರಷ್ಟು ಒಪ್ಪಿಗೆ ಅಥವಾ ಸಂಸತ್ತಿನ ಕಾನೂನು ಇಲ್ಲದೆ ಅಧ್ಯಕ್ಷರು ನ್ಯಾಟೋ ಬಿಡುವಂತಿಲ್ಲ. ಅದನ್ನು ಮುಂದೆ ನಿಂತು ತಂದವರಲ್ಲಿ ಒಬ್ಬರು ಮಾರ್ಕೊ ರೂಬಿಯೊ. ಈಗ ಅವರೇ ಟ್ರಂಪ್ ಅವರ ವಿದೇಶಾಂಗ ಸಚಿವರು!

ಆದರೆ ನನ್ನ ಚಿಂತೆ ಬೇರೆ. ನ್ಯಾಟೋ ಒಪ್ಪಂದದ ಐದನೇ ಕಲಮು ಓದಿ ನೋಡಿ. ಒಬ್ಬರ ಮೇಲೆ ದಾಳಿಯಾದರೆ ಎಲ್ಲರ ಮೇಲೆ ಆದಂತೆ ಅಂತ ಇದೆ, ನಿಜ. ಆಮೇಲೆ ಪ್ರತಿ ದೇಶವೂ ತನಗೆ ಅಗತ್ಯ ಅನ್ನಿಸಿದ್ದನ್ನು ಮಾಡಬೇಕು ಅಂತಿದೆ. ಸೈನ್ಯ ಕಳಿಸಲೇಬೇಕು ಅಂತಿಲ್ಲ. ಅಂದರೆ ಯಾರೂ ನ್ಯಾಟೋ ಬಿಡದೆಯೂ ಅದು ಟೊಳ್ಳಾಗಬಹುದು. ಕಾನೂನಿನಿಂದ ಅಧ್ಯಕ್ಷರನ್ನು ಒಳಗೆ ಕೂರಿಸಬಹುದು, ಮನಸ್ಸು ಕೂರಿಸಲಾಗುವುದಿಲ್ಲ. ಶತ್ರುವನ್ನು ತಡೆಯುವುದು ಆ ನಂಬಿಕೆಯೇ ಹೊರತು ಕಾಗದವಲ್ಲ. ನಾಲ್ಕು ವರ್ಷಕ್ಕೊಮ್ಮೆ ಆ ನಂಬಿಕೆ ಹರಾಜಿಗೆ ಬಂದರೆ ಏನು ಮಾಡುವುದು ಅನ್ನುವುದೇ ಜರ್ಮನಿಯ ಈಗಿನ ತಲೆನೋವು.

ಅದರ ಮುಂದೆ ಇರುವ ದಾರಿಗಳಲ್ಲಿ ಯಾವುದೂ ನಯವಾಗಿಲ್ಲ. ಅಮೆರಿಕದ ಸಾಮಾನನ್ನೇ ಜಾಸ್ತಿ ಕೊಂಡು ಅವರನ್ನು ಖುಷಿಯಾಗಿಡುವುದು ಒಂದು. 2022ರಲ್ಲಿ 35 ಎಫ್-35 ವಿಮಾನ ಕೊಳ್ಳಲು ಜರ್ಮನಿ ತೀರ್ಮಾನಿಸಿದ್ದು ಈ ಸಾಲಿನದು. ಬೇಗ ಆಗುತ್ತದೆ, ಆದರೆ ಬಿಡಿಭಾಗಕ್ಕೂ ಸಾಫ್ಟ್‌ವೇರ್‌ಗೂ ಅವರ ಬಾಗಿಲನ್ನೇ ಬಡಿಯುತ್ತಿರಬೇಕು. ಸ್ವಂತ ಬಲ ಕಟ್ಟುವುದು ಇನ್ನೊಂದು. ದುಡ್ಡಿನ ಬೀಗ ತೆಗೆದಿದ್ದಾರೆ. ಆದರೆ ಸೈನ್ಯದಲ್ಲಿ ಇರುವವರು ಸುಮಾರು 1,80,000. ಅದನ್ನು 2,60,000ಕ್ಕೆ ಏರಿಸಬೇಕು ಅನ್ನುತ್ತಾರೆ ರಕ್ಷಣಾ ಸಚಿವ ಪಿಸ್ಟೋರಿಯಸ್. ದುಡ್ಡು ಸುರಿದ ತಕ್ಷಣ ಹುಡುಗರು ಸಾಲು ನಿಲ್ಲುವುದಿಲ್ಲ. ವರ್ಷಗಳೇ ಬೇಕು, ಅಪಾಯವೂ ಆ ಮಧ್ಯದ ವರ್ಷಗಳಲ್ಲೇ ಜಾಸ್ತಿ. ಮೂರನೆಯದು ಫ್ರಾನ್ಸಿನ ಅಣುಬಾಂಬಿನ ಕೊಡೆಯಡಿ ನಿಲ್ಲುವುದು. ಮೆರ್ಜ್ ಈ ಮಾತೆತ್ತಿದರು, ಫ್ರಾನ್ಸಿನ ಅಧ್ಯಕ್ಷ ಮ್ಯಾಕ್ರನ್ 2025ರ ಮಾರ್ಚ್‌ನಲ್ಲಿ ಚರ್ಚೆಗೆ ಸಿದ್ಧ ಅಂದರು. ಆದರೆ ಫ್ರಾನ್ಸಿನಲ್ಲಿ 2027ಕ್ಕೆ ಅಧ್ಯಕ್ಷರ ಚುನಾವಣೆ. ಅಣ್ವಸ್ತ್ರ ಫ್ರಾನ್ಸಿನದಾಗಿಯೇ ಇರಬೇಕು ಅನ್ನುವುದು ಮರೀನ್ ಲೆ ಪೆನ್ ಪಕ್ಷದ ಹಟ. ಒಬ್ಬರ ಚುನಾವಣೆಗೆ ಹೆದರಿ ಇನ್ನೊಬ್ಬರ ಚುನಾವಣೆಗೆ ತಲೆ ಕೊಟ್ಟಂತಲ್ವಾ? ನನ್ನನ್ನು ಕೇಳಿದರೆ ಜರ್ಮನಿ ಮೂರನ್ನೂ ಸ್ವಲ್ಪ ಸ್ವಲ್ಪ ಮಾಡುತ್ತದೆ, ಎರಡನೆಯದಕ್ಕೆ ಜಾಸ್ತಿ ಸುರಿಯುತ್ತದೆ. ಈಗಾಗಲೇ ಲಿಥುವೇನಿಯಾದಲ್ಲಿ ತನ್ನ ಬ್ರಿಗೇಡನ್ನು ನೆಲೆಯೂರಿಸಲು ಶುರುಮಾಡಿದೆ. ಅಮೆರಿಕದಲ್ಲಿ ಮುಂದೆ ಯಾರೇ ಬಂದರೂ ಈ ಹೊಸ ಒಲೆ ಆರುವುದಿಲ್ಲ. ನಿಮ್ಮ ವಾಕಿಂಗ್ ಗೆಳೆಯರು ತಪ್ಪುವುದು ಅಲ್ಲಿ.

ಈಗ ಮಗಳ ಕೆಲಸ. ಅದನ್ನು ಅಲುಗಾಡಿಸುವುದು ನ್ಯಾಟೋ ಅಲ್ಲ, ಕಾರು. ಯುರೋಪಿನ ಕಾರುಗಳ ಮೇಲೆ ಅಮೆರಿಕದ ಸುಂಕ 2025ರ ಏಪ್ರಿಲ್‌ನಲ್ಲಿ 27.5 ಶೇಕಡಾಕ್ಕೆ ಏರಿತು. ಜುಲೈ 27ರಂದು ಸ್ಕಾಟ್ಲೆಂಡಿನ ಟರ್ನ್‌ಬೆರಿಯಲ್ಲಿ ಆದ ಮಾತುಕತೆಯಲ್ಲಿ 15ಕ್ಕೆ ಇಳಿಸುವ ಒಪ್ಪಂದವಾಯಿತು. ಅಲ್ಲಿ ಟ್ರಂಪ್ ಎದುರು ಕೂತಿದ್ದು ಮೆರ್ಜ್ ಅಲ್ಲ, ಯುರೋಪಿಯನ್ ಒಕ್ಕೂಟದ ಆಡಳಿತ ನಡೆಸುವ ಯುರೋಪಿಯನ್ ಕಮಿಷನ್‌ನ ಅಧ್ಯಕ್ಷೆ ಉರ್ಸುಲಾ ವಾನ್ ಡೆರ್ ಲೇಯನ್. ಯಾಕೆಂದರೆ ಸುಂಕದ ಚೌಕಾಸಿ ಒಕ್ಕೂಟದ ಕಚೇರಿ ಇರುವ ಬ್ರಸೆಲ್ಸ್‌ನ ಕೆಲಸ. ಜರ್ಮನಿಯಲ್ಲಿ ಯಾರು ಗೆದ್ದಿದ್ದರೂ ಅಲ್ಲಿ ಹೋಗುತ್ತಿದ್ದವರು ಅವರೇ. ಸ್ಟುಟ್‌ಗಾರ್ಟ್ ಸುತ್ತಲಿನ ಕಾರು ಉದ್ಯಮಕ್ಕೆ ಸುಂಕಕ್ಕಿಂತ ಹಳೆಯ ಕಾಯಿಲೆಗಳಿವೆ. ಎಲೆಕ್ಟ್ರಿಕ್ ಕಾರಿಗೆ ಎಂಜಿನ್ನಿನ ಬಿಡಿಭಾಗ ಬೇಡ. ಚೀನಾದಲ್ಲಿ ವ್ಯಾಪಾರ ಇಳಿದಿದೆ. ಬಿಡಿಭಾಗದ ಕಂಪನಿಗಳು ಸಾವಿರಗಟ್ಟಲೆ ಕೆಲಸ ಕಡಿತ ಹೇಳಿವೆ. ಮಗಳು ಯಾವ ವಿಭಾಗದಲ್ಲಿದ್ದಾಳೆ ಕೇಳಿ. ಡೀಸೆಲ್ ಎಂಜಿನ್ನಿನ ಸಾಫ್ಟ್‌ವೇರಾ, ಬ್ಯಾಟರಿಯದ್ದಾ? ಇಡೀ ವಿದೇಶಾಂಗ ನೀತಿಗಿಂತ ಈ ಪ್ರಶ್ನೆ ಅವಳಿಗೆ ಮುಖ್ಯ.

ಅಮೆರಿಕಕ್ಕೆ ಹೋಗುವ ಮಾತನ್ನು ನಾನಾದರೆ ಈಗ ಎತ್ತುವುದಿಲ್ಲ. 2025ರ ಸೆಪ್ಟೆಂಬರ್‌ನಲ್ಲಿ ಅಲ್ಲಿ ಹೊಸ ಎಚ್-1ಬಿ ಕೆಲಸದ ವೀಸಾ ಅರ್ಜಿಗೆ 1,00,000 ಡಾಲರ್ ಶುಲ್ಕ ಹಾಕುವ ಆದೇಶ ಬಂತು. ಚುನಾವಣೆಯ ಬಿಸಿ ನೇರವಾಗಿ ತಟ್ಟುವುದು ವೀಸಾ ಮೇಲಿರುವವರಿಗೆ. ಅದರ ಬದಲು ಜರ್ಮನಿಯಲ್ಲೇ ಕಾಲೂರಲಿ. ಬ್ಲೂ ಕಾರ್ಡ್ ಮೇಲೆ 27 ತಿಂಗಳು ದುಡಿದವರು ಕಾಯಂ ವಾಸದ ಪರವಾನಗಿಗೆ ಅರ್ಜಿ ಹಾಕಬಹುದು. ಜರ್ಮನ್ ಭಾಷೆಯಲ್ಲಿ ಬಿ1 ಮಟ್ಟ ಪಾಸಾಗಿದ್ದರೆ 21 ತಿಂಗಳೇ ಸಾಕು. ಅಷ್ಟು ಕಾಲದ ಪಿಂಚಣಿ ಕಂತು ಕಟ್ಟಿರಬೇಕು. ಮೂರು ವರ್ಷ ಆಗಿದೆ ಅಂದಿರಿ, ಇನ್ನೂ ಹಾಕಿಲ್ಲದಿದ್ದರೆ ಇವತ್ತೇ ವಿಚಾರಿಸಲು ಹೇಳಿ. ಅದು ಕೈಗೆ ಬಂದರೆ ಕಂಪನಿ ಬದಲಾದರೂ, ಕೆಲವು ತಿಂಗಳು ಕೆಲಸ ಇಲ್ಲದಿದ್ದರೂ ಊರು ಬಿಡಬೇಕಾಗಿಲ್ಲ.

ಮೇ ತಿಂಗಳ ಟಿಕೆಟ್ ಮಾಡಿಸಿ. ಅದಕ್ಕಿಂತ ಮುಂಚೆ ವೀಸಾ ನೋಡಿಕೊಳ್ಳಿ. ಷೆಂಗೆನ್ ವೀಸಾಗೆ (ಜರ್ಮನಿಯೂ ಸೇರಿ ಯುರೋಪಿನ ಹಲವು ದೇಶಗಳಿಗೆ ಒಂದೇ ವೀಸಾ) ಪ್ರಯಾಣಕ್ಕೆ ಆರು ತಿಂಗಳು ಇರುವಾಗಲೇ ಅರ್ಜಿ ಕೊಡಬಹುದು. ಬೇಸಿಗೆ ರಜೆ ಹತ್ತಿರ ಬಂದಂತೆ ಅಪಾಯಿಂಟ್‌ಮೆಂಟ್ ಸಿಗುವುದು ಕಷ್ಟ. ಮಗಳಿಂದ ಆಹ್ವಾನದ ಪತ್ರ, ಖರ್ಚು ನಾನು ನೋಡಿಕೊಳ್ಳುತ್ತೇನೆ ಎಂದು ಅಲ್ಲಿನ ಕಚೇರಿಯಿಂದ ಮಾಡಿಸುವ ಮುಚ್ಚಳಿಕೆ, ಪ್ರಯಾಣ ವಿಮೆ ಇವನ್ನು ಈಗಲೇ ಹೊಂದಿಸಿಕೊಳ್ಳಿ. ಮೇನಲ್ಲಿ ಅಲ್ಲಿ ಸಂಜೆ ಚಳಿ ಇರುತ್ತದೆ, ಸ್ವೆಟರ್ ಮರೆಯಬೇಡಿ.